ಹೊಟ್ಟೇನ ಕೇಳಿ ಬಡಿಸ್ತಾರೇನೋ?

ದಾವಣಗೆರೆ

ಪ್ರೀತಿಯ ಪುಟ್ಟಿ,

ಫೋನಿನಲ್ಲಿ ನಿನ್ನ ಸಿಟ್ಟು ಕೇಳಿ ನಕ್ಕುಬಿಟ್ಟೆ, ಬೇಜಾರಾಗಬೇಡ. ಬೆಂಗಳೂರಿನ ಸಣ್ಣ ಮನೆ, ಇಬ್ಬರಿಗೂ ಕೆಲಸ. ಸಿಗುವ ಒಂದು ಭಾನುವಾರವೂ ಹೇಳದೆ ಕೇಳದೆ ನಾಲ್ಕು ಜನ ಬಂದರೆ ಯಾರಿಗಾದರೂ ತಲೆ ಕೆಡುತ್ತದೆ. ಫೋನ್ ಮಾಡಿ ಬರಬೇಕಿತ್ತು, ಅದು ಅವರದೇ ತಪ್ಪು. ಆದರೆ ನೀನು ಬಾಗಿಲಲ್ಲೇ ‘ಕಾಫಿ ಕುಡೀತೀರಾ?’ ಅಂದೆಯಂತೆ. ಅವರು ಬೇಡ ಅಂದರಂತೆ. ಇನ್ನೇನಂತಾರೆ?

ನಾನೂ ಒಮ್ಮೆ ಇದನ್ನೇ ಮಾಡಿದ್ದೆ. ಆಗ ನೀನಿನ್ನೂ ಹುಟ್ಟಿರಲಿಲ್ಲ. ಚನ್ನಗಿರಿ ಕಡೆಯ ನೆಂಟರೊಬ್ಬರು ಹೆಂಡತಿಯನ್ನು ಇಲ್ಲಿ ಆಸ್ಪತ್ರೆಗೆ ಸೇರಿಸಿ, ಮಧ್ಯಾಹ್ನ ಮೂರರ ಹೊತ್ತಿಗೆ ಮನೆಗೆ ಬಂದರು. ‘ಊಟ ಆಯ್ತಾ?’ ಅಂದೆ. ‘ಆಯ್ತು’ ಅಂದರು. ಒಂದು ಲೋಟ ನೀರು ಕುಡಿದು ಹೊರಟರು. ಸ್ವಲ್ಪ ಹೊತ್ತಿಗೆ ನಾನು ಹಾಲು ತರಲು ಹೋದರೆ, ತಿರುವಿನ ಗಾಡಿ ಮುಂದೆ ನಿಂತು ಮಂಡಕ್ಕಿ ಮೆಣಸಿನಕಾಯಿ ತಿನ್ನುತ್ತಿದ್ದಾರೆ. ನನ್ನನ್ನು ಕಂಡಕೂಡಲೇ ಪೊಟ್ಟಣ ಬೆನ್ನ ಹಿಂದೆ ಹೋಯಿತು. ತುಟಿಗೆ ಕಾರದ ಪುಡಿ ಮೆತ್ತಿಕೊಂಡೇ ಇತ್ತು.

ಮನೆಗೆ ಬಂದು ನಿಮ್ಮಜ್ಜಿಗೆ ಹೇಳಿದೆ. ‘ಹೊಟ್ಟೇನ ಕೇಳಿ ಬಡಿಸ್ತಾರೇನೋ?’ ಅಂದವಳು ರಾತ್ರಿತನಕ ನನ್ನ ಜೊತೆ ಮಾತಾಡಲಿಲ್ಲ.

ದುರ್ಗಮ್ಮನ ಜಾತ್ರೆ ನೆನಪಿದೆಯಲ್ಲ? ಎರಡು ವರ್ಷಕ್ಕೊಮ್ಮೆ ಮನೆ ತುಂಬಾ ಜನ, ನಿನ್ನ ದಿಂಬು ಯಾರ ತಲೆಯಡಿಗೋ. ಎಷ್ಟು ಅತ್ತಿದ್ದೆ! ಅಷ್ಟು ಗಲಾಟೆಯಲ್ಲೂ ಅಜ್ಜಿ ಯಾರಿಗೂ ‘ಬೇಕಾ’ ಅಂದಿದ್ದು ನಾನು ಕೇಳಿಲ್ಲ. ತಟ್ಟೆ ಇಡುವುದಷ್ಟೇ.

ನಿನಗೆ ಹೋಳಿಗೆ ಮಾಡು ಅನ್ನುತ್ತಿಲ್ಲ. ಒಗ್ಗರಣೆ ಮಂಡಕ್ಕಿ ಸಾಕು. ಮಂಡಕ್ಕಿ ನೀರಿಗೆ ಹಾಕಿ ತಕ್ಷಣ ಹಿಂಡಿ ತೆಗೆ. ಫೋನ್ ನೋಡುತ್ತಾ ನಿಂತೆಯೋ, ಮುದ್ದೆಯಾಗುತ್ತದೆ. ಈರುಳ್ಳಿ, ಹಸಿಮೆಣಸಿನಕಾಯಿ, ಕರಿಬೇವು, ಅರಿಶಿನ. ಒಗ್ಗರಣೆ ಚಟಪಟ ಅಂದಮೇಲೆ ಮಂಡಕ್ಕಿ ಹಾಕಿ ಕಲಸು. ಪುಟಾಣಿ ಹಿಟ್ಟು ಕೊನೆಗೆ, ಕೈತುಂಬಾ. ಮೇಲೆ ನಿಂಬೆಹಣ್ಣು ಹಿಂಡು. ನಿಮ್ಮಮ್ಮ ಚಿಟಿಕೆ ಸಕ್ಕರೆ ಹಾಕುತ್ತಾಳೆ, ನನಗದು ಸೇರುವುದಿಲ್ಲ. ಅಳಿಯಂದಿರಿಗೂ ಕಲಿಸು. ನಾನು ಕಲಿತಿಲ್ವಾ?

ಮಂಡಕ್ಕಿ ಹುರಿಯುವ ಭಟ್ಟಿಯಿಂದ ಬಿಸಿಬಿಸಿಯಾಗಿ ಒಂದು ಚೀಲ ಮಂಡಕ್ಕಿ ತಂದಿದ್ದೇನೆ. ಶನಿವಾರ ರಾತ್ರಿ ಪಕ್ಕದ ಮನೆ ಹುಡುಗ ಬೆಂಗಳೂರಿಗೆ ಹೊರಟಿದ್ದಾನೆ, ಅವನ ಕೈಲಿ ಕೊಟ್ಟು ಕಳಿಸುತ್ತೇನೆ. ಭಾರ ಏನಿಲ್ಲ, ಜಾಗ ಮಾತ್ರ ಜಾಸ್ತಿ ಹಿಡಿಯುತ್ತದೆ. ಬೆಳಿಗ್ಗೆ ಆರಕ್ಕೆಲ್ಲ ನಿಮ್ಮ ಬಾಗಿಲು ತಟ್ಟುತ್ತಾನೆ. ಅವನನ್ನು ಏನೂ ಕೇಳಬೇಡ.

ನಿನ್ನ
ಅಪ್ಪಾಜಿ