ಥೆಲ್ಮಾ ರಿಟ್ಟರ್ ಹೆಸರಲ್ಲಿ ಬ್ರೂಕ್ಲಿನ್‌ನಲ್ಲೊಂದು ರಸ್ತೆ ಬೇಕು

ನಮ್ಮ ಭಾಗದ ನ್ಯೂಯಾರ್ಕ್ ನಗರ ಕೌನ್ಸಿಲ್ ಸದಸ್ಯರಿಗೆ,

ನಮಸ್ಕಾರ. ನಾನು ಬ್ರೂಕ್ಲಿನ್‌ನಲ್ಲಿ ನೆಲೆಸಿರುವ ಕನ್ನಡಿಗ, ನಿಮ್ಮ ಮತದಾರ. ಇದರ ಇಂಗ್ಲಿಷ್ ಪ್ರತಿ ನಿಮ್ಮ ಕಚೇರಿಗೆ ಬರುತ್ತದೆ. ಈ ಊರಲ್ಲಿರುವ ನಮ್ಮವರೂ ದನಿಗೂಡಿಸಲಿ ಅಂತ ಕನ್ನಡದಲ್ಲೂ ಬರೆಯುತ್ತಿದ್ದೇನೆ. ನಾನು ಕೇಳುತ್ತಿರುವುದು ಇಷ್ಟೇ: 1902ರಲ್ಲಿ ಬ್ರೂಕ್ಲಿನ್‌ನಲ್ಲೇ ಹುಟ್ಟಿದ ನಟಿ ಥೆಲ್ಮಾ ರಿಟ್ಟರ್ ಅವರ ಹೆಸರನ್ನು ಇಲ್ಲಿನ ಒಂದು ರಸ್ತೆಗೆ ಇಡಿ.

ಅವರು ನಾಯಕಿ ಆಗಿ ಮೆರೆದವರಲ್ಲ. ನಟನೆ ಕಲಿತು, ನಾಟಕಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡಿ, ಮದುವೆಯಾಗಿ, ಮಕ್ಕಳನ್ನು ಬೆಳೆಸುತ್ತಾ ವರ್ಷಗಟ್ಟಲೆ ರಂಗದಿಂದ ದೂರ ಇದ್ದರು. ಆಮೇಲೆ ರೇಡಿಯೊಗೆ ಬಂದರು. ಮೊದಲ ಸಿನಿಮಾ 'ಮಿರಕಲ್ ಆನ್ 34ತ್ ಸ್ಟ್ರೀಟ್' ಬಂದಾಗ, ಅಂದರೆ 1947ರಲ್ಲಿ, ಅವರಿಗೆ 45 ವರ್ಷ. ಮಗನಿಗೆ ಆಟಿಕೆ ಹುಡುಕಿ ಸುಸ್ತಾದ ತಾಯಿಯ ಪುಟ್ಟ ಪಾತ್ರ ಅದು, ಪರದೆ ಮೇಲೆ ಹೆಸರೂ ಬರಲಿಲ್ಲ. ಅಲ್ಲಿಂದ ಮೂರೇ ವರ್ಷಕ್ಕೆ 'ಆಲ್ ಅಬೌಟ್ ಈವ್'. ದೊಡ್ಡ ನಟಿಯ ಅಲಂಕಾರದ ಕೋಣೆಯಲ್ಲಿ ಬಟ್ಟೆಬರೆ ನೋಡಿಕೊಳ್ಳುವ ಬರ್ಡಿ, ಹೊಸದಾಗಿ ಬಂದ ಹುಡುಗಿಯ ಮೇಲೆ ಎಲ್ಲರಿಗಿಂತ ಮೊದಲು ಅನುಮಾನ ಪಡುತ್ತಾಳೆ. ಆ ಪಾತ್ರಕ್ಕೆ ಆಸ್ಕರ್ ನಾಮನಿರ್ದೇಶನ ಬಂತು. 1950ರಿಂದ 1953ರವರೆಗಿನ ಸಿನಿಮಾಗಳಿಗೆ ಸತತವಾಗಿ ನಾಲ್ಕು, ಆಮೇಲೆ ಇನ್ನೆರಡು. ಒಟ್ಟು ಆರು ಸಲ, ಆರೂ ಪೋಷಕ ನಟಿ ವಿಭಾಗದಲ್ಲಿ. ಒಂದು ಸಲವೂ ಪ್ರಶಸ್ತಿ ಕೈಗೆ ಬರಲಿಲ್ಲ.

ನನಗೆ ತುಂಬಾ ಅನ್ಯಾಯ ಅನಿಸೋದು 1953ರದ್ದು. 'ಪಿಕಪ್ ಆನ್ ಸೌತ್ ಸ್ಟ್ರೀಟ್' ಸಿನಿಮಾದಲ್ಲಿ ಅವರು ಮೋ. ಬೀದಿಯಲ್ಲಿ ಟೈ ಮಾರುವ ವಯಸ್ಸಾದ ಹೆಂಗಸು, ಜೊತೆಗೆ ಪೊಲೀಸರಿಗೆ ಕಳ್ಳರ ಸುಳಿವು ಮಾರಿ ದುಡ್ಡು ಕೂಡಿಡುತ್ತಾಳೆ. ಯಾಕೆ ಗೊತ್ತಾ? ಸತ್ತ ಮೇಲೆ ತನ್ನನ್ನು ಅನಾಥ ಹೆಣಗಳ ಜೊತೆ ಹೂಳಬಾರದು, ಸ್ವಂತದ್ದೊಂದು ಜಾಗ, ಒಂದು ಕಲ್ಲು ಇರಬೇಕು ಅಂತ. ಕೊನೆಗೆ ಕೊಲೆಗಾರ ಮನೆಗೇ ಬಂದು ಒಬ್ಬನ ವಿಳಾಸ ಕೇಳುತ್ತಾನೆ. ಎಲ್ಲರ ಸುಳಿವನ್ನೂ ಮಾರಿದವಳು ಇವನಿಗೆ ಮಾತ್ರ ಮಾರುವುದಿಲ್ಲ. ಕಿರುಚುವುದಿಲ್ಲ, ಬೇಡಿಕೊಳ್ಳುವುದೂ ಇಲ್ಲ. ಹಾಸಿಗೆ ಮೇಲೆ ಕೂತು, ತನಗೆ ಎಷ್ಟು ದಣಿವಾಗಿದೆ ಅನ್ನೋದನ್ನು ಅವನಿಗೆ ಹೇಳುತ್ತಾಳೆ, ಅಷ್ಟೇ. ಮೈಮುರಿದು ದುಡಿದ ಹೆಂಗಸಿನ ದಣಿವನ್ನು ಇಷ್ಟು ನಿಜವಾಗಿ ತೋರಿಸಿದ ಇನ್ನೊಂದು ದೃಶ್ಯ ನಾನು ನೋಡಿಲ್ಲ.

ಮೋ ಹೆದರುತ್ತಿದ್ದ ಅಂಥ ಜಾಗ ನಮ್ಮ ನಗರದಲ್ಲಿ ನಿಜವಾಗಿಯೂ ಇದೆ, ನಿಮಗೂ ಗೊತ್ತು. ಅನಾಥ ಹೆಣಗಳನ್ನು ಹೂಳುವ ಹಾರ್ಟ್ ದ್ವೀಪದಲ್ಲಿ 10 ಲಕ್ಷಕ್ಕೂ ಹೆಚ್ಚು ಜನ ಮಣ್ಣಾಗಿದ್ದಾರೆ. ಅದನ್ನು ಜೈಲು ಇಲಾಖೆಯಿಂದ ಉದ್ಯಾನ ಇಲಾಖೆಗೆ ಒಪ್ಪಿಸುವ ಕಾನೂನು ಮಾಡಿದ್ದು ನೀವು ಕೂರುವ ಕೌನ್ಸಿಲ್ಲೇ. ಒಳ್ಳೆಯ ಕೆಲಸ ಅದು.

'ರಿಯರ್ ವಿಂಡೋ' ಸಿನಿಮಾದ ನರ್ಸ್ ಸ್ಟೆಲ್ಲಾ ಎಲ್ಲರಿಗೂ ನೆನಪಿರುತ್ತಾಳೆ, ಅದರ ಬಗ್ಗೆ ಜಾಸ್ತಿ ಹೇಳಬೇಕಿಲ್ಲ. 'ದಿ ಮೇಟಿಂಗ್ ಸೀಸನ್' ಸಿನಿಮಾದಲ್ಲಿ ಹ್ಯಾಂಬರ್ಗರ್ ಅಂಗಡಿ ನಡೆಸುತ್ತಿದ್ದ ತಾಯಿ ಅವರು. ಸೊಸೆ ಅವಳನ್ನು ಅಡುಗೆಯವಳು ಅಂದುಕೊಂಡರೆ, ನಾನು ನಿನ್ನ ಅತ್ತೆ ಅಂತ ಹೇಳದೆ ಮಗನ ಮನೆಯಲ್ಲೇ ಅಡುಗೆ ಮಾಡಿಕೊಂಡು ಇದ್ದುಬಿಡುತ್ತಾಳೆ. ಇಡೀ ಕಥೆ ಹೊತ್ತಿದ್ದೇ ಅವರು, ಆದರೂ ಪೋಷಕ ನಟಿ! ನ್ಯಾಯ ಸಿಕ್ಕಿದ್ದು ಬ್ರಾಡ್‌ವೇ ರಂಗಭೂಮಿಯಲ್ಲಿ. 1958ರಲ್ಲಿ 'ನ್ಯೂ ಗರ್ಲ್ ಇನ್ ಟೌನ್' ಸಂಗೀತ ನಾಟಕಕ್ಕೆ ಅವರಿಗೂ ಅದೇ ನಾಟಕದ ಗ್ವೆನ್ ವೆರ್ಡನ್‌ಗೂ ಸಮನಾಗಿ ರಂಗಭೂಮಿಯ ಟೋನಿ ಪ್ರಶಸ್ತಿ ಬಂತು, ಅದೂ ಅತ್ಯುತ್ತಮ ನಟಿ ಅಂತ. 1969ರ ಫೆಬ್ರವರಿಯಲ್ಲಿ ಇದೇ ನಗರದಲ್ಲಿ ತೀರಿಕೊಂಡರು.

ಮನೆಗೆಲಸದವರು, ನರ್ಸುಗಳು, ಬೀದಿಯಲ್ಲಿ ಮಾರುವವರು ಈ ಊರನ್ನು ನಡೆಸುತ್ತಾರೆ. ಇಂಥ ಜನರನ್ನು ರಿಟ್ಟರ್ ಬ್ರೂಕ್ಲಿನ್‌ನ ಮಾತಿನ ಧಾಟಿಯಲ್ಲೇ ಪರದೆಗೆ ತಂದರು, ಅವರ ಬುದ್ಧಿಗೂ ಮರ್ಯಾದೆಗೂ ಕುಂದು ಬರದ ಹಾಗೆ. ಅದಕ್ಕೇ ಈ ಗೌರವ ಅವರಿಗೆ ಸಲ್ಲಬೇಕು ಅನ್ನುತ್ತಿರೋದು.

ಇದಕ್ಕೆ ದೊಡ್ಡ ಖರ್ಚಿಲ್ಲ. ಹಳೆಯ ಹೆಸರು ಹಾಗೇ ಇರುತ್ತದೆ, ಕೆಳಗೆ ಇನ್ನೊಂದು ಫಲಕ ಬರುತ್ತದೆ, ಯಾರ ವಿಳಾಸವೂ ಬದಲಾಗುವುದಿಲ್ಲ. ಕಮ್ಯುನಿಟಿ ಬೋರ್ಡ್ (ನಮ್ಮ ಭಾಗದ ಸಲಹಾ ಮಂಡಳಿ) ಮುಂದೆ ಮಾತಾಡಲು, ಅಕ್ಕಪಕ್ಕದವರ ಸಹಿ ತರಲು ನಾನು ಸಿದ್ಧ. ಆಮೇಲೆ ಮಸೂದೆ ಮಂಡಿಸುವುದು ನಿಮ್ಮ ಕೈಯಲ್ಲಿದೆ. ದಯವಿಟ್ಟು ಮಂಡಿಸಿ.

ಇಂತಿ,
ನಿಮ್ಮ ಭಾಗದ ಮತದಾರ