‘ಬಿತ್ತರ’ದ ಬಗ್ಗೆ, ಯುವ ಕತೆಗಾರ್ತಿಗೆ

ಪ್ರೀತಿಯ ತಂಗಿ,

ನಿನ್ನ ಕತೆ ತಲುಪಿತು. ಓದಿದೆ, ಕೆಳಗಿಟ್ಟೆ, ಮತ್ತೆ ಎತ್ತಿಕೊಂಡು ಓದಿದೆ. ಸೋಬಾನೆ ಹಾಡುವ ಅಜ್ಜಿ, ಆಕೆಯನ್ನು ಬಸ್ಸು ಹತ್ತಿಸಿ ಧಾರವಾಡದ ರೇಡಿಯೊ ನಿಲಯಕ್ಕೆ ಕರೆದೊಯ್ಯುವ ಮಗ, ಪಂಚಾಯ್ತಿ ಕಟ್ಟೆಯ ಮೇಲೆ ರೇಡಿಯೊ ಸುತ್ತ ಸೇರಿದ ಊರಮಂದಿ, ಎಲ್ಲರೂ ಕಣ್ಣಿಗೆ ಕಟ್ಟುತ್ತಾರೆ. ಎಪ್ಪತ್ತರ ದಶಕದ ಊರನ್ನು ನೀನು ನೋಡಿಲ್ಲ, ಆದರೂ ಅದು ಹುಸಿಯಾಗಿಲ್ಲ. ಕತೆಯ ಬಗ್ಗೆ ಹೇಳುವುದು ಬೇಕಾದಷ್ಟಿದೆ. ಇವತ್ತು ಒಂದೇ ಪದ ಹಿಡಿದು ಬರೆಯುತ್ತೇನೆ, ಯಾಕೆಂದರೆ ಆ ಪದ ನಿನ್ನ ಕತೆಯ ನಡುಮನೆಯಲ್ಲೇ ಕೂತಿದೆ.

‘ಬಿತ್ತರ’ದ ಮೇಲೆ ನಿನಗೆ ಬಹಳ ಪ್ರೀತಿ. ಅಜ್ಜಿ ಹಾಡನ್ನು ಬಿತ್ತರಿಸುತ್ತಾಳೆ. ಜಾತ್ರೆಯಲ್ಲಿ ಮಗು ಕಳೆದುಹೋದ ಸುದ್ದಿಯನ್ನು ಪೇದೆ ವೈರ್‌ಲೆಸ್ಸಿನಲ್ಲಿ ಠಾಣೆಗೆ ಬಿತ್ತರಿಸುತ್ತಾನೆ. ಪತ್ರಿಕೆಯೊಂದು ಅಜ್ಜಿಯ ಫೋಟೊ ಬಿತ್ತರಿಸುತ್ತದೆ. ಕೊನೆಗೆ ತವರಿಗೆ ಬಂದ ಮಗಳು ತಾಯಿಯ ಮುಂದೆ ಕೂತು ತನ್ನ ಕಷ್ಟವನ್ನೆಲ್ಲ ಬಿತ್ತರಿಸುತ್ತಾಳೆ. ಈ ನಾಲ್ಕರಲ್ಲಿ ಪೂರಾ ಸರಿಯಾದದ್ದು ಕೊನೆಯದು. ನಿನಗೆ ಆಶ್ಚರ್ಯವಾಗಬಹುದು, ಏಕೆಂದರೆ ಅಲ್ಲಿ ರೇಡಿಯೊ ಇಲ್ಲವೇ ಇಲ್ಲ.

ಪದದ ಹುಟ್ಟು ನೋಡು. ಬಿತ್ತರ ಎಂಬುದು ಸಂಸ್ಕೃತದ ವಿಸ್ತರ, ವಿಸ್ತಾರಗಳ ತದ್ಭವ. ಮೊದಲಿನ ವಕಾರ ಬಕಾರವಾಗುವುದು ಕನ್ನಡಕ್ಕೆ ಹಳೆಯ ರೂಢಿ: ವರ್ಣ ಬಣ್ಣವಾಯಿತು, ವಂಧ್ಯೆ ಬಂಜೆಯಾದಳು, ವಸತಿ ಬಸದಿಯಾಯಿತು, ವಿಜ್ಞಾಪನೆ ಬಿನ್ನಪವಾಯಿತು. ನಡುವಿನ ಸ್ತಕಾರ ತ್ತಕಾರವಾಗುವುದೂ ಹಾಗೆಯೇ, ಪುಸ್ತಕ ಹೊತ್ತಗೆಯಾದಂತೆ, ಕಸ್ತೂರಿ ಕತ್ತುರಿಯಾದಂತೆ. ಹದಿಮೂರನೆಯ ಶತಮಾನದ ಕೇಶಿರಾಜ ತನ್ನ ‘ಶಬ್ದಮಣಿದರ್ಪಣ’ದಲ್ಲಿ ಇಂಥ ಮಾರ್ಪಾಡುಗಳಿಗೆಂದೇ ಒಂದು ಪ್ರಕರಣವನ್ನು ಮೀಸಲಿಟ್ಟಿದ್ದಾನೆ. ಬಿಡುವಾದಾಗ ಓದು. ವ್ಯಾಕರಣ ಎಂದು ಹೆದರಬೇಡ, ಅದು ಕನ್ನಡದ ಕಿವಿ ಹೇಗೆ ಕೆಲಸ ಮಾಡುತ್ತದೆ ಎಂಬುದರ ಪಾಠ.

ಇಲ್ಲಿ ನನಗೆ ತುಂಬ ಇಷ್ಟವಾದ ಒಂದು ಸಂಗತಿ ಇದೆ. ಸಂಸ್ಕೃತದಲ್ಲಿ ವಿಸ್ತರ ಬೇರೆ, ವಿಸ್ತಾರ ಬೇರೆ. ಬಟ್ಟೆಯ ಹರವು, ನೆಲದ ಹರವು ಆದರೆ ವಿಸ್ತಾರ. ಮಾತಿನ ಹರವು ಆದರೆ ವಿಸ್ತರ. ಪಾಣಿನಿ ಇದಕ್ಕಾಗಿಯೇ ಒಂದು ಸೂತ್ರ ಬರೆದಿದ್ದಾನೆ, ಅಮರಕೋಶವೂ ಶಬ್ದಕ್ಕೆ ಸಂಬಂಧಿಸಿದ ಹರವನ್ನು ಬೇರೆಯಾಗಿ ‘ವಿಸ್ತರ’ ಎಂದೇ ಹೇಳುತ್ತದೆ. ಗೀತೆಯಲ್ಲಿ ಅರ್ಜುನ ಕೃಷ್ಣನನ್ನು ನಿನ್ನ ವಿಭೂತಿಗಳನ್ನು, ಅಂದರೆ ಮಹಿಮೆಗಳನ್ನು, ಬಿಡಿಸಿ ಹೇಳು ಎಂದು ಕೇಳುವಾಗ ‘ವಿಸ್ತರೇಣ’ ಎನ್ನುತ್ತಾನೆ. ಹದಿಮೂರನೆಯ ಅಧ್ಯಾಯದಲ್ಲಿ ಜೀವರಾಶಿ ಒಂದರಿಂದ ಹರಡಿಕೊಳ್ಳುವ ಮಾತು ಬಂದಾಗ ಪದ ‘ವಿಸ್ತಾರ’. ನಾವು ಈಗ ಸವಿಸ್ತಾರವಾಗಿ ಹೇಳಿದರು ಎಂದು ಸಲೀಸಾಗಿ ಬರೆಯುತ್ತೇವೆ; ಹಳಬರ ಲೆಕ್ಕದಲ್ಲಿ ಅದು ಸವಿಸ್ತರವಾಗಿ ಆಗಬೇಕು.

ಕನ್ನಡಕ್ಕೆ ಬರುವಾಗ ಆ ಗೆರೆ ಅಳಿಸಿಹೋಯಿತು. ಬಿತ್ತರ ಎಂದರೆ ಬಯಲಿನ ಹರವೂ ಹೌದು, ಮಾತಿನ ವಿವರವೂ ಹೌದು. ಹಳಗನ್ನಡ, ನಡುಗನ್ನಡದ ಕವಿಗಳು ‘ಬಿತ್ತರಿಸು’ ಎಂದಾಗ ಬಹುಮಟ್ಟಿಗೆ ಹೇಳುತ್ತಿರುವುದು ಬಿಡಿಸಿ ಹೇಳು, ಒಂದನ್ನೂ ಬಿಡದೆ ಹೇಳು ಎಂದು. ನಿನ್ನ ಕತೆಯ ಮಗಳು ತಾಯಿಯ ಮುಂದೆ ಮಾಡಿದ್ದು ಅದನ್ನೇ. ಅಲ್ಲಿ ಪದವನ್ನು ಮುಟ್ಟಬೇಡ. ಓದುಗರಲ್ಲಿ ಕೆಲವರು ಅದನ್ನು ರೇಡಿಯೊ ಪದವೆಂದು ತಿಳಿದು ಒಂದು ಕ್ಷಣ ತಡೆಯಬಹುದು, ತಡೆಯಲಿ.

ರೇಡಿಯೊ ಬಂದಮೇಲೆ ಈ ಪದಕ್ಕೆ ಹೊಸ ಕೆಲಸ ಸಿಕ್ಕಿತು. ಮಾತು ಜಾಗದ ಮೇಲೆ ಹರಡಿಕೊಳ್ಳುವ ಕೆಲಸ. ವಿಸ್ತರ, ವಿಸ್ತಾರ ಎರಡೂ ಒಂದೇ ಕಡೆ ಸೇರುವುದು ಅಲ್ಲಿಯೇ. ಬಿತ್ತರಕ್ಕೆ ಇದಕ್ಕಿಂತ ಒಪ್ಪುವ ಅರ್ಥ ಇನ್ನೊಂದು ಸಿಗಲಾರದು ಎಂದು ನನಗೆ ಪ್ರತಿಸಲವೂ ಅನ್ನಿಸುತ್ತದೆ.

ಇನ್ನು, ನೀನು ಕತೆಯ ಜೊತೆ ಕಳಿಸಿದ ಟಿಪ್ಪಣಿಯ ವಿಚಾರ. “ಬಿತ್ತು ಎಂಬ ಪದದಿಂದ ಬಿತ್ತರ ಬಂತು, ಬೀಜ ಬಿತ್ತಿದಂತೆ ದನಿ ಬಿತ್ತುವುದು” ಎಂದು ಬರೆದಿದ್ದೀಯ. ಬಹಳ ಜನ ಹಾಗೆ ನಂಬಿದ್ದಾರೆ, ನಂಬುವಂತೆಯೂ ಇದೆ. ಆದರೆ ಬಿತ್ತು ಅಚ್ಚ ದ್ರಾವಿಡ ಪದ, ತಮಿಳಿನಲ್ಲಿ ಅದರ ಒಡಹುಟ್ಟು ‘ವಿತ್ತು’. ಬೇರಿಗೆ ವೇರ್ ಇದ್ದಂತೆ, ಬಾ ಎಂಬುದಕ್ಕೆ ವಾ ಇದ್ದಂತೆ. ಬಿತ್ತುವಿನಿಂದ ಬಿತ್ತನೆ ಬಂತು, ಬಿತ್ತರ ಬರಲಿಲ್ಲ. ಎರಡೂ ಬೇರೆ ಬೇರೆ ದಿಕ್ಕಿನಿಂದ ಬಂದು ಕನ್ನಡದ ಬಾಯಲ್ಲಿ ಒಂದೇ ಥರ ಕೇಳಿಸುತ್ತಿವೆ.

ಇದನ್ನು ಇಷ್ಟು ಒತ್ತಿ ಹೇಳುವುದಕ್ಕೆ ಕಾರಣವಿದೆ. ಬಿತ್ತನೆಗೂ ರೇಡಿಯೊಗೂ ನಿಜವಾದ ನಂಟೊಂದು ಉಂಟು, ಅದು ಇಂಗ್ಲಿಷಿನಲ್ಲಿ. ‘ಬ್ರಾಡ್‌ಕಾಸ್ಟ್’ ಮೊದಲು ಹೊಲದ ಮಾತು. ಬೀಜವನ್ನು ಕೈತುಂಬ ಹಿಡಿದು ಅಗಲಕ್ಕೆ ಎರಚುತ್ತ ನಡೆಯುವುದಕ್ಕೆ ಹದಿನೆಂಟನೆಯ ಶತಮಾನದಲ್ಲಿ ಇಂಗ್ಲಿಷ್ ರೈತರು ಹೇಳುತ್ತಿದ್ದ ಪದ. ನಮ್ಮಲ್ಲಿ ಚೆಲ್ಲಿ ಬಿತ್ತುವುದು ಎನ್ನುತ್ತೇವಲ್ಲ, ಅದು. ಕೂರಿಗೆ ಕಟ್ಟಿ ಸಾಲು ಹಿಡಿದು ಬಿತ್ತಿದರೆ ಅದು ಬ್ರಾಡ್‌ಕಾಸ್ಟ್ ಅಲ್ಲ. ನಿನ್ನ ಅಜ್ಜಿಯ ಸೀಮೆಯಲ್ಲಿ ಕೂರಿಗೆಯೇ ಹೆಚ್ಚು ಎಂಬುದನ್ನೂ ನೆನಪಿಡು.

ವೈರ್‌ಲೆಸ್ ಹುಟ್ಟಿದಾಗ ಅದು ಕೂರಿಗೆಯ ಹಾಗಿತ್ತು. ಹಡಗಿನಿಂದ ದಡಕ್ಕೆ, ಒಂದು ಠಾಣೆಯಿಂದ ಇನ್ನೊಂದಕ್ಕೆ, ಇಂಥವರಿಂದ ಇಂಥವರಿಗೆ ಎಂದು ಗುರಿ ಹಿಡಿದು ಸಂದೇಶ ಹೋಗುತ್ತಿತ್ತು. ಗಾಳಿಯಲ್ಲಿ ಬೇರೆಯವರಿಗೂ ಕೇಳಿಸುತ್ತದೆ ಎಂಬುದು ಆಗ ಒಂದು ತಲೆನೋವು. ಆ ತಲೆನೋವನ್ನೇ ವರವಾಗಿ ಮಾಡಿಕೊಂಡದ್ದು 1920ರ ಸುಮಾರಿಗೆ. ಅಮೆರಿಕದ ಪಿಟ್ಸ್‌ಬರ್ಗಿನ ಕೆಡಿಕೆಎ ನಿಲಯ 1920ರ ನವೆಂಬರ್ 2ರಂದು ಚುನಾವಣೆಯ ಫಲಿತಾಂಶವನ್ನು ಯಾರು ಬೇಕಾದರೂ ಕೇಳಲಿ ಎಂದು ಗಾಳಿಗೆ ಬಿಟ್ಟಿತು. 1922ರಲ್ಲಿ ಬಿಬಿಸಿ, ಅಂದರೆ ಬ್ರಿಟಿಷ್ ಬ್ರಾಡ್‌ಕಾಸ್ಟಿಂಗ್ ಕಂಪನಿ, ಹುಟ್ಟುವಷ್ಟರಲ್ಲಿ ಹೊಲದ ಪದ ಸಂಸ್ಥೆಯ ಹೆಸರಿನಲ್ಲಿ ಸೇರಿತ್ತು. ನಮ್ಮ ದೇಶದಲ್ಲೂ 1927ರಲ್ಲಿ ಮುಂಬಯಿಯಲ್ಲಿ ಶುರುವಾದ ಕಂಪನಿಯ ಹೆಸರು ಇಂಡಿಯನ್ ಬ್ರಾಡ್‌ಕಾಸ್ಟಿಂಗ್ ಕಂಪನಿ. 1936ರಲ್ಲಿ ಆಲ್ ಇಂಡಿಯಾ ರೇಡಿಯೊ ಎಂದಾದಾಗ ಆ ಪದ ಹೆಸರಿನಿಂದ ಬಿಟ್ಟುಹೋಯಿತು.

ಹಾಗಾಗಿ ಪದ್ಯ ಬರೆಯುವಾಗ ಬಿತ್ತು, ಬಿತ್ತರ ಎರಡನ್ನೂ ಅಕ್ಕಪಕ್ಕ ಕೂರಿಸಿ ಆಡಿಸು, ಯಾರೂ ಬೇಡ ಎನ್ನುವುದಿಲ್ಲ. ಕವಿತೆ ಇರುವುದೇ ಅಂಥ ಭೇಟಿಗಳಿಗೆ. ಲೇಖನದಲ್ಲಿ ಮಾತ್ರ ಅದನ್ನು ನಿರುಕ್ತಿ, ಅಂದರೆ ಪದದ ಹುಟ್ಟು, ಎಂದು ಬರೆಯಬೇಡ. ಒಮ್ಮೆ ಅಚ್ಚಾದ ತಪ್ಪು ನಿರುಕ್ತಿಯನ್ನು ಅಳಿಸುವುದು ಬಲು ಕಷ್ಟ.

ಪೇದೆಯ ವಾಕ್ಯ ಯಾಕೆ ಸರಿಯಿಲ್ಲ ಎಂಬುದು ಈಗ ತಾನಾಗಿ ತಿಳಿಯುತ್ತದೆ. ಅವನು ಮಾತಾಡುತ್ತಿರುವುದು ತನ್ನ ಠಾಣೆಯ ಜೊತೆ. ಆ ಕಡೆಯವನು ಕೇಳಿಸಿತು ಎನ್ನುತ್ತಾನೆ, ಮತ್ತೆ ಹೇಳು ಎನ್ನುತ್ತಾನೆ. ಅದು ಸಂಭಾಷಣೆ. ‘ತಿಳಿಸಿದ’ ಎಂದರೆ ಸಾಕು, ‘ವೈರ್‌ಲೆಸ್ಸಿನಲ್ಲಿ ಹೇಳಿದ’ ಎಂದರೆ ಇನ್ನೂ ಚೆನ್ನ. ಕಂಟ್ರೋಲ್ ರೂಮಿನಿಂದ ಎಲ್ಲ ಠಾಣೆಗಳಿಗೂ ಒಂದೇ ಸಲ ಸುದ್ದಿ ಹೋದರೆ ಆಗ ಬಿತ್ತರ ಎನ್ನಬಹುದು. ಜಾತ್ರೆಯ ಮೈಕಿನಲ್ಲಿ ಕೂಗಿ ಹೇಳಿದರೆ ಅದಕ್ಕೆ ನಮ್ಮದೇ ಸೊಗಸಾದ ‘ಸಾರು’ ಇದೆ, ಡಂಗುರದ ಕಾಲದಿಂದ ಬಂದದ್ದು. ಪತ್ರಿಕೆಗೆ ‘ಪ್ರಕಟಿಸಿತು’ ಬಿಟ್ಟು ಬೇರೆ ಬೇಡ.

ಈಗ ಅಜ್ಜಿಯ ಹತ್ತಿರ ಬರೋಣ. “ಅಜ್ಜಿ ಮೈಕಿನ ಮುಂದೆ ಕೂತು ಹಾಡನ್ನು ಬಿತ್ತರಿಸಿದಳು” ಎಂಬುದು ನಿನ್ನ ಸಾಲು. ರೇಡಿಯೊ ನಿಲಯದೊಳಗೆ ಹೋಗಿ ನಿಂತು ನೋಡು. ಅಜ್ಜಿ ಹಾಡುತ್ತಾಳೆ. ಗಾಜಿನ ಆಚೆ ಕೂತವರು ಧ್ವನಿಮುದ್ರಣ ಮಾಡಿಕೊಳ್ಳುತ್ತಾರೆ. ಟೇಪು ಕಪಾಟಿಗೆ ಹೋಗುತ್ತದೆ. ಮುಂದೊಂದು ದಿನ ಉದ್ಘೋಷಕಿ ಹೆಸರು ಹೇಳಿದ ಮೇಲೆ ಆ ಟೇಪು ತಿರುಗುತ್ತದೆ, ಟ್ರಾನ್ಸ್‌ಮಿಟರಿನಿಂದ ಗೋಪುರಕ್ಕೆ ಏರಿ ಹಾಡು ಹೊರಡುತ್ತದೆ. ಬಿತ್ತರಿಸುವುದು ನಿಲಯ, ಅಜ್ಜಿ ಹಾಡುವವಳು. ವ್ಯಾಕರಣದ ಕರ್ತೃ ಯಾರು ಎಂಬ ಸಣ್ಣ ಪ್ರಶ್ನೆ ಇದು, ಆದರೆ ಅದು ಕತೆಯನ್ನೇ ಎರಡು ಮಾಡುತ್ತದೆ.

ಯೋಚಿಸು. ಹಾಡು ಮೊದಲೇ ಮುದ್ರಣವಾಗಿದ್ದರೆ, ಬಿತ್ತರವಾಗುವ ಸಂಜೆ ಅಜ್ಜಿ ಊರಲ್ಲೇ ಇರುತ್ತಾಳೆ. ಕಟ್ಟೆಯ ಮೇಲೆ ಎಲ್ಲರ ನಡುವೆ ಸೆರಗು ಹೊದ್ದು ಕೂತು ತನ್ನ ದನಿಯನ್ನು ತಾನೇ ಕೇಳುತ್ತಾಳೆ. ಅದು ತನ್ನದಲ್ಲ ಎಂದು ಅನ್ನಿಸಬಹುದು ಅವಳಿಗೆ. ನಮ್ಮ ದನಿ ನಮಗೆ ತಲೆಬುರುಡೆಯ ಮೂಲಕವೂ ಕೇಳಿಸುತ್ತಿರುತ್ತದೆ, ಹೊರಗಿನಿಂದ ಬಂದದ್ದು ತೆಳ್ಳಗೆ, ಬೇರೆಯವರದಂತೆ ಕೇಳಿಸುತ್ತದೆ. ಹಾಗಲ್ಲದೆ ನೇರ ಪ್ರಸಾರವಾದರೆ? ಇಡೀ ಊರು ಅಜ್ಜಿಯನ್ನು ಕೇಳುವ ಹೊತ್ತಿಗೆ ಅಜ್ಜಿ ಧಾರವಾಡದ ಸ್ಟುಡಿಯೊದಲ್ಲಿ ಒಬ್ಬಳೇ. ಊರಿನಲ್ಲಿ ಅದನ್ನು ಕೇಳದೆ ಉಳಿದವಳು ಅವಳೊಬ್ಬಳು. ಮರುದಿನ ಬಸ್ಸಿಳಿದಾಗ ಎಲ್ಲರೂ ಅವಳಿಗೆ ಅವಳ ಹಾಡಿನ ಸುದ್ದಿ ಹೇಳುತ್ತಾರೆ.

ನೀನು ಈಗ ಎರಡನ್ನೂ ಕಲಸಿದ್ದೀಯ: ಮೂರನೆಯ ಪುಟದಲ್ಲಿ ಟೇಪು ತಿರುಗುತ್ತದೆ, ಐದನೆಯ ಪುಟದಲ್ಲಿ ಅವಳು ಹಾಡುತ್ತಿರುವಾಗಲೇ ಊರು ಕೇಳುತ್ತದೆ. ‘ಬಿತ್ತರಿಸಿದಳು’ ಎಂಬ ಚೆಂದದ ಪದ ಆ ಗೊಂದಲವನ್ನು ನಿನ್ನಿಂದಲೇ ಮುಚ್ಚಿಟ್ಟಿದೆ. ‘ಹಾಡಿದಳು’ ಎಂದು ಬರೆದಿದ್ದರೆ ಕೂಡಲೇ ಯಾವಾಗ, ಎಲ್ಲಿ ಎಂದು ನೀನೇ ಕೇಳಿಕೊಳ್ಳುತ್ತಿದ್ದೆ. ನನಗೆ ನೇರ ಪ್ರಸಾರದ ಕತೆಯೇ ಹಿಡಿಸುತ್ತದೆ. ಆಯ್ಕೆ ನಿನ್ನದು.

ಪುಣೆಯಲ್ಲಿರುವ ಅಜ್ಜಿಯ ತಮ್ಮ ಆಕಸ್ಮಿಕವಾಗಿ ರೇಡಿಯೊ ತಿರುಗಿಸುವಾಗ ಅಕ್ಕನ ದನಿ ಕೇಳಿ ಕೈ ತಡೆಯುವ ಜಾಗ ಇದೆಯಲ್ಲ, ಅದು ಕತೆಯ ಜೀವ. ನಂಬಲು ಬರುವುದಿಲ್ಲವೇನೋ ಎಂದು ನೀನು ಅಳುಕಿದ್ದೀಯ. ಅಳುಕಬೇಡ, ಆದರೆ ಅದನ್ನು ಮಧ್ಯಾಹ್ನದಿಂದ ರಾತ್ರಿಗೆ ಸರಿಸು. ಮೀಡಿಯಂ ವೇವ್ ಅಲೆ ಹಗಲಲ್ಲಿ ನೆಲ ಹಿಡಿದು ಹೋಗುವಷ್ಟೇ ದೂರ ಹೋಗುತ್ತದೆ. ಮೇಲಕ್ಕೆ ಹೋದದ್ದನ್ನು ವಾತಾವರಣದ ಮೇಲಿನ ಒಂದು ಪದರ ಹೀರಿಬಿಡುತ್ತದೆ. ಸೂರ್ಯ ಮುಳುಗಿದ ಮೇಲೆ ಆ ಪದರ ಕರಗುತ್ತದೆ, ಅಲೆ ಇನ್ನೂ ಮೇಲಿನ ಪದರಕ್ಕೆ ತಾಗಿ ನೂರಾರು ಕಿಲೊಮೀಟರ್ ಆಚೆ ಇಳಿಯುತ್ತದೆ. ದನಿ ಏರುತ್ತ ಇಳಿಯುತ್ತ, ನಡುವೆ ಇನ್ನೊಂದು ನಿಲಯ ಬೆರೆಯುತ್ತ ಬರುತ್ತದೆ. ಅದನ್ನು ಬರೆ. ಬಿತ್ತರದ ನಿಜವಾದ ಗುಣ ಅಲ್ಲಿ ಗೊತ್ತಾಗುತ್ತದೆ: ಕಳಿಸಿದವರಿಗೆ ಕೇಳಿದವರು ಯಾರೆಂದು ತಿಳಿಯದು, ಅವನು ಕಾಗದ ಬರೆದರೆ ಮಾತ್ರ ತಿಳಿದೀತು.

ಉಳಿದ ಪದಗಳ ಬಗ್ಗೆ ಬೇಗ ಹೇಳಿಬಿಡುತ್ತೇನೆ. ‘ಆಕಾಶವಾಣಿ’ ಒಂದು ಸಂಸ್ಥೆಯ ಹೆಸರು. 1935ರಲ್ಲಿ ಮೈಸೂರಿನಲ್ಲಿ ಮನಶ್ಶಾಸ್ತ್ರದ ಪ್ರಾಧ್ಯಾಪಕ ಎಂ.ವಿ. ಗೋಪಾಲಸ್ವಾಮಿ ತಮ್ಮ ಮನೆಯಲ್ಲೇ ಶುರುಮಾಡಿದ ಪುಟ್ಟ ನಿಲಯಕ್ಕೆ ನಾ. ಕಸ್ತೂರಿ ಸೂಚಿಸಿದ ಹೆಸರು ಅದು, ಆಮೇಲೆ ದೇಶಕ್ಕೇ ಹೋಯಿತು. 2001ರಲ್ಲಿ ಬೆಂಗಳೂರಿಗೆ ಬಂದ ಖಾಸಗಿ ಎಫ್‌ಎಂ ಅನ್ನು ಆಕಾಶವಾಣಿ ಎನ್ನಲಾಗದು. ‘ಬಾನುಲಿ’ ಮಾಧ್ಯಮಕ್ಕೆ ಒಪ್ಪುವ ಹೆಸರು. ನನ್ನ ನಾಟಕಗಳನ್ನು ಬಾನುಲಿ ನಾಟಕ ಎಂದು ಕರೆದಾಗ ಇವತ್ತಿಗೂ ಖುಷಿಯಾಗುತ್ತದೆ. ಆದರೆ ನಿನ್ನ ಕತೆಯ ಊರಮಂದಿ ಬಾನುಲಿ ಎನ್ನುವುದಿಲ್ಲ, ರೇಡಿಯೊ ಎನ್ನುತ್ತಾರೆ. ಅವರ ಬಾಯಲ್ಲಿ ಅದನ್ನೇ ಇಡು. ‘ಪ್ರಸಾರ’ ಕಚೇರಿಯ ಪದ, ಎಲ್ಲ ಕಡೆ ಸಲ್ಲುತ್ತದೆ. ಪತ್ರಿಕೆಯ ಪ್ರಸಾರ ಸಂಖ್ಯೆಗೂ ಅದೇ, ಪುಸ್ತಕ ಅಚ್ಚುಮಾಡುವ ವಿಶ್ವವಿದ್ಯಾಲಯದ ಪ್ರಸಾರಾಂಗಕ್ಕೂ ಅದೇ. ಅಷ್ಟು ಅಗಲವಾದದ್ದರಿಂದಲೇ ಅದಕ್ಕೆ ಬಣ್ಣ ಕಡಿಮೆ. ನಿಲಯದ ಚೀಟಿ, ಕರಾರುಪತ್ರ ಬರುವ ಕಡೆ ಪ್ರಸಾರ ಎಂದೇ ಬರೆ, ಅಲ್ಲಿ ಬಿತ್ತರ ಎಂದರೆ ಸುಳ್ಳಾಗುತ್ತದೆ.

ಹಾಗಾದರೆ ಬಿತ್ತರವನ್ನು ಎಲ್ಲಿಡಬೇಕು? ನನ್ನನ್ನು ಕೇಳಿದರೆ ಪೂರ್ತಿ ಕತೆಯಲ್ಲಿ ಎರಡೇ ಕಡೆ. ಪುಣೆಯ ರಾತ್ರಿಯಲ್ಲಿ ಒಂದು, ‘ಹಾಡು ಬಿತ್ತರವಾಗುತ್ತಿತ್ತು’ ಎಂದು, ಕರ್ತೃವಿಲ್ಲದೆ, ತಾನಾಗಿ ಹರಡುತ್ತಿರುವಂತೆ. ಮಗಳು ತಾಯಿಯ ಮುಂದೆ ಕೂತಾಗ ಇನ್ನೊಂದು. ಊರಿಗೆಲ್ಲ ಹರಡಿದ ತಾಯಿಯ ದನಿ, ತಾಯಿಯೊಬ್ಬಳಿಗೇ ಬಿಡಿಸಿ ಹೇಳಿದ ಮಗಳ ಮಾತು, ಎರಡಕ್ಕೂ ಒಂದೇ ಪದ ಇರುವ ಭಾಷೆಯಲ್ಲಿ ನೀನು ಬರೆಯುತ್ತಿದ್ದೀಯ. ಅದನ್ನು ವಿವರಿಸಲು ಹೋಗಬೇಡ, ಸುಮ್ಮನೆ ಆ ಎರಡು ಕಡೆ ಇಟ್ಟುಬಿಡು.

ಐದನೆಯ ಪುಟವನ್ನು ಮೊದಲು ತಿದ್ದು, ಉಳಿದದ್ದು ಆಮೇಲೆ. ಸೋಬಾನೆಯ ಸಾಲುಗಳನ್ನು ನಿಮ್ಮೂರಿನ ಹಿರಿಯರಿಂದ ಕೇಳಿ ಬರೆದುಕೊಂಡೆ ಎಂದಿದ್ದೀಯ. ಆ ಪೂರ್ತಿ ಹಾಡನ್ನು ಬೇರೆ ಹಾಳೆಯಲ್ಲಿ ಬರೆದು ಕತೆಯ ಜೊತೆಗೇ ಕಳಿಸು, ನನಗೆ ಓದಬೇಕಿದೆ.

ಒಲವಿನಿಂದ,
ನಿನ್ನ ಅಕ್ಕ