ಹವಾಮಾನ ಅಂಕಣದಲ್ಲಿ ಗಾಳಿಯ ವೇಗವೂ ಇರಲಿ

ಮಾನ್ಯ ಸಂಪಾದಕರೇ,

ಅಶ್ವಿನಿ, ಭರಣಿ ಮಳೆಯ ದಿನಗಳಲ್ಲಿ ತಮ್ಮ ಹವಾಮಾನ ಅಂಕಣದಲ್ಲಿ ‘ರಾಯಚೂರು, ಕೊಪ್ಪಳ, ಬಳ್ಳಾರಿ: ಗುಡುಗು ಸಹಿತ ಮಳೆ ಸಾಧ್ಯತೆ’ ಎಂಬ ಒಂದೇ ಸಾಲು ಇರುತ್ತದೆ. ಹವಾಮಾನ ಇಲಾಖೆ ಕೊಡುವ ಮುನ್ನೆಚ್ಚರಿಕೆಯಲ್ಲಿ ‘ಗಂಟೆಗೆ 40ರಿಂದ 50 ಕಿ.ಮೀ. ವೇಗದ ಗಾಳಿ’ ಎಂಬಂತಹ ಅಂಕಿಯೂ ಇರುತ್ತದೆ. ಅಚ್ಚಾಗುವಾಗ ಬಿಟ್ಟುಹೋಗುವುದು ಅದೇ, ನಮ್ಮ ಭಾಗಕ್ಕೆ ಬೇಕಾದದ್ದೂ ಅದೇ.

ಬೇಸಿಗೆಯಲ್ಲಿ ಇಲ್ಲಿ ಮೋಡದ ಬುಡ ಎತ್ತರದಲ್ಲಿರುತ್ತದೆ, ಕೆಳಗೆ ಒಣಹವೆ. ಬೀಳುವ ಹನಿ ದಾರಿಯಲ್ಲೇ ಆವಿಯಾಗಿ ಸುತ್ತಲಿನ ಗಾಳಿಯನ್ನು ತಣ್ಣಗಾಗಿಸುತ್ತದೆ. ತಣಿದು ಭಾರವಾದ ಗಾಳಿ ರಭಸದಿಂದ ಇಳಿದು, ನೆಲಕ್ಕೆ ಅಪ್ಪಳಿಸಿ, ನಾಲ್ಕೂ ಕಡೆ ನುಗ್ಗುತ್ತದೆ. ಹಾಗಾಗಿಯೇ ಮೊದಲು ಧೂಳು, ಆಮೇಲೆ ಮಳೆ. ನಾಲ್ಕು ಹನಿ ಬೀಳದಿದ್ದರೂ ಕಂಪ್ಲಿ, ಗಂಗಾವತಿ ಕಡೆ ಗೊನೆ ಹೊತ್ತ ಬಾಳೆ ಮುರಿದು ಬೀಳುತ್ತದೆ. ಕಾರಟಗಿ, ಸಿಂಧನೂರಿನಲ್ಲಿ ರಸ್ತೆ ಬದಿ ಒಣಹಾಕಿದ ನೆಲ್ಲಿನ ರಾಶಿಯ ತಾಡಪತ್ರಿ ಹಾರಿಹೋಗಿ, ಹಿಂದೆಯೇ ಬರುವ ಮಳೆ ನೇರವಾಗಿ ಕಾಳಿನ ಮೇಲೆ ಸುರಿಯುತ್ತದೆ. ಗಾಳಿ ಜೋರೆಂದು ಮೊದಲೇ ತಿಳಿದರೆ, ಅಲ್ಲೊಂದು ಇಲ್ಲೊಂದು ಕಲ್ಲಿಡುವ ಬದಲು ಅಂಚಿನುದ್ದಕ್ಕೂ ಮರಳುಚೀಲ ಜೋಡಿಸಿ, ಮೇಲೆ ಅಡ್ಡಡ್ಡ ಹಗ್ಗ ಬಿಗಿಯಬಹುದು. ಬಾಳೆಗೆ ಗಳ ಕೊಡಬಹುದು.

ವಿಮಾನ ನಿಲ್ದಾಣಗಳ ಹವಾಮಾನ ವರದಿಯಲ್ಲಿ ಹತ್ತು ನಿಮಿಷದ ಸರಾಸರಿ ವೇಗವನ್ನು ಕೊಡುತ್ತಾರೆ. ಗಾಳಿಯ ಹೊಡೆತ ಅದಕ್ಕಿಂತ 10 ನಾಟ್, ಅಂದರೆ ಗಂಟೆಗೆ ಹದಿನೆಂಟೂವರೆ ಕಿ.ಮೀ.ನಷ್ಟು ಮೀರಿದರೆ ಅದನ್ನು ಬೇರೆಯಾಗಿಯೇ ನಮೂದಿಸುತ್ತಾರೆ. ತಗಡು ಕೀಳುವುದೂ ಈ ಹೊಡೆತವೇ ಹೊರತು ಸರಾಸರಿಯಲ್ಲ. ಅಂಕಣದಲ್ಲಿ ಎರಡೂ ಇದ್ದರೆ ಒಳ್ಳೆಯದು.

ಕಿರಣ ಬಿಟ್ಟು ದೂರದ ಮೋಡ, ಮಳೆಯನ್ನು ಗುರುತಿಸುವ ಹವಾಮಾನ ರಾಡಾರ್‌ನ ವಿಷಯವನ್ನೂ ಪತ್ರಿಕೆ ಎತ್ತಬೇಕು. ಹೈದರಾಬಾದಿನ ರಾಡಾರ್‌ಗೂ ಬಳ್ಳಾರಿಗೂ ಸುಮಾರು 300 ಕಿ.ಮೀ. ದೂರ. ಕಿರಣವನ್ನು ಅರ್ಧ ಡಿಗ್ರಿಯಷ್ಟು ತಗ್ಗಿನಲ್ಲಿ ಬಿಟ್ಟರೂ, ಭೂಮಿ ಬಾಗಿರುವ ಕಾರಣ ಇಲ್ಲಿಗೆ ಬರುವಷ್ಟರಲ್ಲಿ ಅದು ಸುಮಾರು 8 ಕಿ.ಮೀ. ಮೇಲಿರುತ್ತದೆ. ಮೋಡದ ನೆತ್ತಿ ಸಿಕ್ಕೀತು, ನೆಲದ ಬಿರುಗಾಳಿ ಸಿಗದು. ತುಂಗಭದ್ರಾ ಅಚ್ಚುಕಟ್ಟನ್ನು ಹತ್ತಿರದಿಂದ ನೋಡುವ ರಾಡಾರ್ ಬೇಕೇ ಬೇಕು.

ಜಿಲ್ಲಾವಾರು ತಕ್ಷಣದ ಮುನ್ಸೂಚನೆಯ ಅವಧಿ ಮೂರೇ ಗಂಟೆ. ಬೆಳಗಿನ ಪತ್ರಿಕೆಗೆ ಅದು ಒಗ್ಗುವುದಿಲ್ಲ, ನಿಜ. ಅದನ್ನು ತಮ್ಮ ಜಾಲತಾಣದಲ್ಲಿ ಮಧ್ಯಾಹ್ನದಿಂದ ರಾತ್ರಿವರೆಗೆ, ಗಾಳಿಯ ವೇಗ ಮತ್ತು ಅವಧಿ ಮುಗಿಯುವ ಹೊತ್ತಿನ ಸಮೇತ ಹಾಕುತ್ತ ಹೋಗಿ ಎಂದು ವಿನಂತಿ.

– ಓದುಗ, ಕಾರಟಗಿ, ಕೊಪ್ಪಳ ಜಿಲ್ಲೆ